ಒಂದು ಸಾಲಿನಲ್ಲಿ ಹಿಡಿಯದ ಜನ

ಗೋಕಾಕ, ಮೂಡಲಗಿ, ಹುಕ್ಕೇರಿ ಸೀಮೆಯ ಹಿಂದಿನ ಸ್ಥಿತಿಗತಿಯನ್ನು ಅರಿಯಬಯಸುವವರು ಇಂದಿಗೂ 1884ರಲ್ಲಿ ಪ್ರಕಟವಾದ ಬೆಳಗಾವಿ ಜಿಲ್ಲೆಯ ಗ್ಯಾಝೆಟಿಯರನ್ನು ತೆರೆಯುತ್ತಾರೆ. ಬೆಳೆ, ಕಂದಾಯ, ಪೇಟೆಗಳ ವಿವರಗಳಿಗಾಗಿ ನಾವೂ ಆ ಗ್ರಂಥಕ್ಕೆ ಋಣಿಗಳು. ಆದರೆ ಗೋಕಾಕ ಜಲಪಾತದ ಎತ್ತರವನ್ನು ಅಡಿಗಳಲ್ಲಿ ಅಳೆದು ಬರೆದ ಆ ಲೇಖನಿಯು ಜನರನ್ನು ಅಳೆಯುವಾಗ ಅಷ್ಟು ಶ್ರಮಪಡಲಿಲ್ಲ. ಇವರು ದುಡಿಮೆಗಾರರು, ಇವರು ಮಿತವ್ಯಯಿಗಳು, ಇವರು ಕೊಳಕರು, ಇವರು ಕುಡುಕರು ಎಂದು ಒಂದೊಂದು ಜಾತಿಗೆ ಒಂದೊಂದು ಸಾಲು! ಸಾವಿರಾರು ಜೀವಗಳ ಸ್ವಭಾವವು ಎರಡು ವಿಶೇಷಣಗಳಲ್ಲಿ ಮುಗಿದುಹೋಯಿತು.

ಇಂಥ ಮಾತು ಗ್ರಂಥದಲ್ಲಿಯೇ ಉಳಿದಿದ್ದರೆ ಅಷ್ಟು ಕೇಡಿರಲಿಲ್ಲ. ಹುಟ್ಟಿನಿಂದಲೇ ಕೆಲವರು ಕಳ್ಳರೆಂಬ ನಂಬಿಕೆಯನ್ನು 1871ರ ಅಪರಾಧಿ ಬುಡಕಟ್ಟುಗಳ ಕಾಯದೆಯು ಶಾಸನವನ್ನಾಗಿ ಮಾಡಿತು. ಮುಂಬಯಿ ಪ್ರಾಂತದಲ್ಲಿ ಹುಬ್ಬಳ್ಳಿ, ಗದಗ, ವಿಜಾಪುರಗಳಲ್ಲಿ ಸೆಟ್ಲಮೆಂಟುಗಳು ತಲೆಯೆತ್ತಿದವು. ನಮ್ಮ ಭಾಗದ ಗಂಟಿಚೋರರಿಗಂತೂ ಹೆಸರೇ ಆರೋಪ. ಗಂಟು ಕದಿಯುವವರೆಂಬುದೇ ಅದರ ಅರ್ಥ. 1952ರಲ್ಲಿ ಕಾಯದೆ ರದ್ದಾಯಿತು, ಹೆಸರು ರದ್ದಾಗಲಿಲ್ಲ. ಶಾಲೆಗೆ ಸೇರುವ ಆ ಮನೆಯ ಕೂಸು ಪರಿಶಿಷ್ಟ ಜಾತಿಯ ಸೌಲಭ್ಯ ಪಡೆಯಬೇಕಾದರೂ ಅದೇ ಹೆಸರನ್ನು ಬರೆಯಬೇಕು.

ಒಂದು ಸಾಲಿಗೆ ಸಿಗದೆ ಹೋದದ್ದು ಎಷ್ಟೋ ಇದೆ. ಕುಲಗೋಡ ತಮ್ಮಣ್ಣನು ಶ್ರೀಕೃಷ್ಣ ಪಾರಿಜಾತಕ್ಕೆ ರಂಗರೂಪವಿತ್ತದ್ದು ಇದೇ ಮೂಡಲಗಿ ಸೀಮೆಯಲ್ಲಿ. ಕೌಜಲಗಿಯ ನಿಂಗಮ್ಮನವರು ಅದೇ ಆಟದಿಂದ ನಾಡಿನಲ್ಲಿ ಮನೆಮಾತಾದರು. ಹುಕ್ಕೇರಿಯವರು 1969ರಲ್ಲಿ ಗ್ರಾಮೀಣ ವಿದ್ಯುತ್ ಸಹಕಾರಿ ಸಂಘವನ್ನು ಕಟ್ಟಿ, ಹಳ್ಳಿಗಳಿಗೆ ಬೆಳಕು ಹಂಚುವ ಹೊಣೆಯನ್ನು ತಾವೇ ಹೊತ್ತರು. 'ಹಿಂದುಳಿದ ಮುಗ್ಧ ಹಳ್ಳಿಗರು' ಎಂದು ಬರೆದು ಕೈತೊಳೆದುಕೊಳ್ಳುವ ವಿದ್ವಾಂಸನಿಗೆ ಇವು ಯಾವುವೂ ಕಾಣಿಸಲಾರವು.

ಇಂದು ಪ್ರಶ್ನಾವಳಿ ಹಿಡಿದು ಹಳ್ಳಿಗಳಿಗೆ ಹೋಗುವ ಸಂಶೋಧಕರಲ್ಲಿ ನಮ್ಮ ಮಕ್ಕಳೂ ಇದ್ದಾರೆ. ಅವರಿಗೆ ನಮ್ಮದೊಂದು ವಿನಂತಿ. ಯಾರ ಕುರಿತು ಬರೆದಿರುವಿರೋ, ಅಚ್ಚಿಗೆ ಕೊಡುವ ಮುನ್ನ ಅವರ ಕಟ್ಟೆಯ ಮೇಲೆ ಕುಳಿತು ಅದನ್ನು ಅವರಿಗೇ ಓದಿ ಹೇಳಿರಿ. ಓದಲು ನಾಲಗೆ ಏಳದ ಸಾಲನ್ನು ಅಲ್ಲಿಯೇ ಹೊಡೆದುಹಾಕಿರಿ.

ವಿದ್ವಾಂಸರನ್ನಷ್ಟೇ ದೂರಿ ನಾವು ಪಾರಾಗುವಂತಿಲ್ಲ. ಹಟಮಾರಿ ಮಗುವನ್ನು ಗದರುವಾಗ ಯಾವುದೋ ಜಾತಿಯ ಹೆಸರನ್ನು ಬೈಗುಳವಾಗಿ ಬಳಸುವ ರೂಢಿ ನಮ್ಮ ಮನೆಗಳಲ್ಲಿ ಇನ್ನೂ ಅಳಿದಿಲ್ಲ. ಗ್ಯಾಝೆಟಿಯರಿನ ಆ ಸಾಲನ್ನು ನಾವು ಓದಿರಲಿಕ್ಕಿಲ್ಲ. ಆದರೂ ಮಕ್ಕಳಿಗೆ ಬಾಯಿಪಾಠ ಮಾಡಿಸುತ್ತಿದ್ದೇವೆ. ತಾಯಂದಿರೇ, ಹಿರಿಯರೇ, ಆ ಪಾಠವನ್ನು ಈ ತಿಂಗಳಿಗೇ ನಿಲ್ಲಿಸೋಣ.