ಬೆಳಕಿನ ಭಾಷ್ಯಕಾರ: ಕನ್ನಡ ಸಿನಿಮಾ ಅಧ್ಯಯನದ ಒಂದು ಕೊರತೆ

ಕನ್ನಡದಲ್ಲಿ ನಡೆದಿರುವ ಸಿನಿಮಾ ಅಧ್ಯಯನ ಬಹುಮಟ್ಟಿಗೆ ಕಾದಂಬರಿ ಹಾಗೂ ಚಿತ್ರಗಳ ತೌಲನಿಕ ವಿವೇಚನೆಗೆ ಸೀಮಿತಗೊಂಡಿದೆ. ಅಲ್ಲಿ ಲೇಖಕನಿದ್ದಾನೆ, ನಿರ್ದೇಶಕನಿದ್ದಾನೆ. ಕೃತಿಯನ್ನು ಕಣ್ಣಿಗೆ ಕಾಣಿಸಿದ ಛಾಯಾಗ್ರಾಹಕ ಮಾತ್ರ ಹೆಸರಿನ ಪಟ್ಟಿಯಲ್ಲೇ ಉಳಿಯುತ್ತಾನೆ. ಎಸ್. ರಾಮಚಂದ್ರ ಅವರ ವೃತ್ತಿಜೀವನ ಈ ಕೊರತೆಯನ್ನು ಎತ್ತಿ ತೋರಿಸುತ್ತದೆ.

1970ರ ‘ಸಂಸ್ಕಾರ’ಕ್ಕೆ ಆಸ್ಟ್ರೇಲಿಯಾದ ಟಾಮ್ ಕೋವನ್, 1973ರ ‘ಕಾಡು’ ಚಿತ್ರಕ್ಕೆ ಗೋವಿಂದ ನಿಹಲಾನಿ ಛಾಯಾಗ್ರಾಹಕರಾಗಿದ್ದರು. ಹೊಸ ಅಲೆಗೆ ಕನ್ನಡದ್ದೇ ಆದ ಕಣ್ಣನ್ನು ಒದಗಿಸಿದವರಲ್ಲಿ ರಾಮಚಂದ್ರ ಪ್ರಮುಖರು. ‘ಚೋಮನ ದುಡಿ’ (1975) ಮತ್ತು ‘ಘಟಶ್ರಾದ್ಧ’ (1977) ಸ್ವರ್ಣಕಮಲ ಪಡೆದವು. ನಡುವಿನ ‘ಋಷ್ಯಶೃಂಗ’ (1976) ಅವರಿಗೇ ಛಾಯಾಗ್ರಹಣದ ರಾಷ್ಟ್ರಪ್ರಶಸ್ತಿ ತಂದಿತು.

ಅನಂತಮೂರ್ತಿಯವರ ಕತೆಯಲ್ಲಿ ಬಾಲಕನ ಅರಿವಿನ ಮಿತಿಯೇ ನಿರೂಪಣೆಯ ಮಿತಿ. ಚಿತ್ರದಲ್ಲಿ ಆ ಮಿತಿಯನ್ನು ಕಾಯುವುದು ಕಪ್ಪು-ಬಿಳುಪಿನ ಛಾಯಾಗ್ರಹಣ. ಕತ್ತಲೆ ಎಷ್ಟನ್ನು ನುಂಗಬೇಕು, ದೀಪ ಎಷ್ಟನ್ನು ಕಾಣಿಸಬೇಕು ಎಂಬ ನಿರ್ಧಾರ ಬರಿಯ ತಾಂತ್ರಿಕ ಸಂಗತಿಯಲ್ಲ, ಅದೂ ಒಂದು ಭಾಷ್ಯ. ಅದು ನಿರ್ದೇಶಕನ ದರ್ಶನವೇ ಅಲ್ಲವೆ ಎಂಬ ಆಕ್ಷೇಪ ಸಹಜ. ಆದರೆ ಇದೇ ಛಾಯಾಗ್ರಾಹಕರು ಬಿ.ವಿ. ಕಾರಂತರೊಡನೆ, ಕಾಸರವಳ್ಳಿಯವರೊಡನೆ, ‘ಮಾಲ್ಗುಡಿ ಡೇಸ್’ನಲ್ಲಿ ಶಂಕರನಾಗ್ ಅವರೊಡನೆ ದುಡಿದವರು, 2008ರ ‘ಗುಲಾಬಿ ಟಾಕೀಸ್’ ಕೂಡ ಅವರದೇ. ನಿರ್ದೇಶಕರು ಬದಲಾದಾಗಲೂ ಉಳಿದು ಬಂದದ್ದೇನು ಎಂಬುದನ್ನು ಇಡೀ ವೃತ್ತಿಜೀವನದ ಅಧ್ಯಯನವೊಂದೇ ಹೇಳಬಲ್ಲದು.

ಇಲ್ಲಿ ಆರ್ಥಿಕ ನೆಲೆಯನ್ನೂ ಮರೆಯಲಾಗದು. ವಿಮರ್ಶೆ ಶೈಲಿಯೆಂದು ಕೊಂಡಾಡುವ ಸಹಜ ಬೆಳಕು, ಕಡಿಮೆ ಬಂಡವಾಳದ ಚಿತ್ರದಲ್ಲಿ ದೀಪಗಳ ಬಾಡಿಗೆ ಉಳಿಸುವ ಅಗತ್ಯದಿಂದಲೂ ಹುಟ್ಟಿರಬಹುದು. ಎರಡನ್ನೂ ಬೇರ್ಪಡಿಸಿ ನೋಡಲು ದಾಖಲೆಗಳು ಬೇಕು.

ಗಡಿಭಾಗದಿಂದ ನೋಡಿದರೆ ಈ ಪ್ರಶ್ನೆ ಇನ್ನಷ್ಟು ತೀವ್ರವಾಗುತ್ತದೆ. ವೇದಗಂಗಾ ದೂಧಗಂಗೆಯನ್ನು ಕೂಡುವ ಭೋಜಕ್ಕೆ ಬೆಂಗಳೂರಿಗಿಂತ ಕೊಲ್ಲಾಪುರ ಹತ್ತಿರ. ಬಾಬೂರಾವ್ ಪೇಂಟರ್ ಸ್ವದೇಶಿ ಕ್ಯಾಮೆರಾ ಕಟ್ಟಿದ ನಗರವದು. ಕಬ್ಬು, ತಂಬಾಕಿನ ಹೊಲಗಳ ಮೇಲಣ ಬಿಸಿಲಿಗೆ ಮಲೆನಾಡಿನ ಮಳೆಗಾಲದ ಬೆಳಕು ಮಾದರಿಯಾಗದು. ಅಂಥ ಊರಿನಿಂದ ಕ್ಯಾಮೆರಾ ಹಿಡಿದು ಹೊರಡುವವರಿಗೆ ಹಿಂದಿನವರು ಬೆಳಕನ್ನು ಹೇಗೆ ಅರಿತರೆಂಬುದನ್ನು ಕನ್ನಡದಲ್ಲೇ ಓದುವಂತಾಗಬೇಕು.

ರಾಮಚಂದ್ರ 2011ರಲ್ಲಿ ತೀರಿಕೊಂಡರು. ಪುನರುಜ್ಜೀವನಗೊಂಡ ‘ಘಟಶ್ರಾದ್ಧ’ 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ಪ್ರದರ್ಶನಗೊಂಡಿತು. ಚಿತ್ರ ಉಳಿಯಿತು. ಅದನ್ನು ಬೆಳಗಿಸಿದ ಬಗೆಯ ಅರಿವೂ ಉಳಿಯಬೇಕಾದರೆ, ಅವರೊಡನೆ ದುಡಿದ ಸಹಾಯಕರ, ಲೈಟ್‌ಬಾಯ್‌ಗಳ ಮೌಖಿಕ ನೆನಪುಗಳನ್ನು ಸಂಗ್ರಹಿಸುವ ಕೆಲಸಕ್ಕೆ ಕನ್ನಡ ವಿಭಾಗಗಳೇ ಮುಂದಾಗಬೇಕು. ಜಾನಪದ ಸಂಗ್ರಹದಲ್ಲಿ ಪಳಗಿದ ಕೈಗಳಿಗೆ ಇದು ಹೊಸ ವಿದ್ಯೆಯೇನಲ್ಲ.