ದುಧನಿಯ ದನಿ ತೆರೆಗೆ ಬರಲಿ

ತೊಗರಿ ಸುಗ್ಗಿಯಲ್ಲಿ ದುಧನಿಯ ಮಾರುಕಟ್ಟೆಗೆ ಹೋಗಿ ಅರ್ಧ ತಾಸು ಕಣ್ಣು ಮುಚ್ಚಿ ನಿಲ್ಲಿ. ಚೀಲದ ಬಾಯಿ ಬಿಚ್ಚಿ ರಾಶಿಗೆ ಸುರಿದಾಗ ಸರ್ರೆನ್ನುವ ಕಾಳು, ಮರಾಠಿಯಲ್ಲಿ ಶುರುವಾಗಿ ಕನ್ನಡದಲ್ಲಿ ಮುಗಿಯುವ ದರದ ಮಾತು, ‘ಸರೀರಿ ಯಪ್ಪಾ, ದಾರಿ ಬಿಡ್ರಿ’ ಎನ್ನುವ ಹಮಾಲರ ಕೂಗು, ಸೊಲ್ಲಾಪುರದಿಂದ ವಾಡಿ ಕಡೆಗೆ ಹೊರಟ ರೈಲಿನ ಸಿಳ್ಳು. ಈ ದನಿಯನ್ನು ನಾನು ಯಾವ ಸಿನಿಮಾದಲ್ಲೂ ಕೇಳಿಲ್ಲ.

ದುಧನಿ ಇರುವ ಮಹಾರಾಷ್ಟ್ರದ ಸೊಲ್ಲಾಪುರ ಜಿಲ್ಲೆಗೆ ಸಿನಿಮಾ ಹೊಸದೇನಲ್ಲ. ಕರಮಾಳೆ ತಾಲ್ಲೂಕಿನ ಜೇವೂರಿನ ನಾಗರಾಜ ಮಂಜುಳೆ ತಾವೇ ಬರೆದು ನಿರ್ದೇಶಿಸಿದ ‘ಫ್ಯಾಂಡ್ರಿ’ಗೆ (2013) ತಮ್ಮ ಸೀಮೆಯ ಹುಡುಗನನ್ನೇ ನಾಯಕನಾಗಿಸಿದರು. 2016ರ ‘ಸೈರಾಟ್’ಗೆ ಅಕಲೂಜಿನ ರಿಂಕು ರಾಜಗುರು ಬಂದಳು. ಮರುವರ್ಷ ಅದು ‘ಮನಸು ಮಲ್ಲಿಗೆ’ಯಾಗಿ ಬೆಂಗಳೂರಿನಲ್ಲಿ ತೆರೆಕಂಡಿತು, ನಾಯಕಿ ಅದೇ ರಿಂಕು. ಸೊಲ್ಲಾಪುರದ ಕತೆ ಕನ್ನಡಕ್ಕೆ ಹೋಯಿತು, ಸೊಲ್ಲಾಪುರದ ಕನ್ನಡ ಹೋಗಲಿಲ್ಲ. ಅಕ್ಕಲಕೋಟ ತಾಲ್ಲೂಕಿನ ನಮಗೆ ಇದು ಇವತ್ತಿಗೂ ನೋವಿನ ಸಂಗತಿ.

ದನಿಯನ್ನು ತೆರೆಗೆ ತರುವ ಮಾತು ಬಂದಾಗ ನನಗೆ ಬಿ.ವಿ. ಕಾರಂತರು ನೆನಪಾಗುತ್ತಾರೆ. ಬಂಟ್ವಾಳ ಸೀಮೆಯ ಮಂಚಿಯಿಂದ ಎಳೆವಯಸ್ಸಿನಲ್ಲೇ ಹೊರಟು ಗುಬ್ಬಿ ಕಂಪನಿ ಸೇರಿದವರು. 1975ರ ‘ಚೋಮನ ದುಡಿ’ಯನ್ನು ನಿರ್ದೇಶಿಸಿದ್ದೂ ಅವರೇ, ಸಂಗೀತ ಕೊಟ್ಟದ್ದೂ ಅವರೇ. ಆ ವರ್ಷದ ಸ್ವರ್ಣಕಮಲ ಅದಕ್ಕೇ ಸಂದಿತು. ಚೋಮ ಬಾಯಿಬಿಟ್ಟು ಹೇಳಲಾರದ ಸಿಟ್ಟು, ಸಂಕಟವೆಲ್ಲ ಅವನ ದುಡಿಯಲ್ಲಿದೆ. ದುಡಿ ಯಾವಾಗ ಮೊಳಗಬೇಕು, ಯಾವಾಗ ಸುಮ್ಮನಿರಬೇಕು ಎಂಬುದು ಆ ಚಿತ್ರದಲ್ಲಿ ಕತೆಯ ಮಾತೇ. ಅದನ್ನು ನಿರ್ದೇಶಕನ ಕಿವಿಯೇ ತೀರ್ಮಾನಿಸಿತು. ‘ಋಷ್ಯಶೃಂಗ’ ಮತ್ತು ‘ಘಟಶ್ರಾದ್ಧ’ಗಳ ಸಂಗೀತಕ್ಕೂ ಅವರಿಗೆ ರಾಷ್ಟ್ರಪ್ರಶಸ್ತಿ ಬಂತು.

ನಮ್ಮ ಹುಡುಗರಿಗೂ ಕಿವಿ ಇದೆ. ರಾತ್ರಿಯಿಡೀ ಭಜನಿ ಪದ ಹಾಡುವ ಮನೆಗಳಲ್ಲಿ ಬೆಳೆದವರು, ಎರಡು ಭಾಷೆಯಲ್ಲಿ ಕನಸು ಕಾಣುವವರು. ಕತೆ ಬರೆಯಬಲ್ಲರು, ರಾಗ ಕಟ್ಟಬಲ್ಲರು, ಮೊಬೈಲಿನಲ್ಲೇ ಚಿತ್ರೀಕರಿಸಬಲ್ಲರು. ಆದರೆ ಮಹಾರಾಷ್ಟ್ರದ ಸಹಾಯಧನ ಮರಾಠಿ ಚಿತ್ರಕ್ಕೆ, ಬೆಂಗಳೂರಿಗೆ ಈ ಊರು ದೂರ.

ಕರ್ನಾಟಕ ಗಡಿ ಪ್ರದೇಶ ಅಭಿವೃದ್ಧಿ ಪ್ರಾಧಿಕಾರ ಹೊರನಾಡ ಕನ್ನಡ ಕಾರ್ಯಕ್ರಮಗಳಿಗೆ ಹಣ ಕೊಡುತ್ತದೆ. ವೇದಿಕೆ, ಹಾರ, ಶಾಲಿನ ಖರ್ಚಿನಲ್ಲಿ ಒಂದು ಪಾಲು ಉಳಿಸಿ ಇಲ್ಲಿನ ಒಂದು ಕನ್ನಡ ಶಾಲೆಗೆ ಒಳ್ಳೆಯ ಮೈಕು, ದನಿಮುದ್ರಣದ ಯಂತ್ರ, ಸಂಕಲನಕ್ಕೊಂದು ಕಂಪ್ಯೂಟರು ಕೊಡಿಸಲಿ. ಅವು ಬಂದ ಮೊದಲ ದಿನ ಮಕ್ಕಳನ್ನು ಕ್ಯಾಮೆರಾ ಇಲ್ಲದೆ ಮನೆಗೆ ಕಳಿಸೋಣ. ಅಂಗಳದಲ್ಲಿ ಅವ್ವ ಮೊರದಲ್ಲಿ ತೊಗರಿ ಕೇರುವ ಸದ್ದು ಹಿಡಿದು ತರಲಿ.