ಮಳೆಗಾಲದ ಸಂಜೆಗೆ ವಾಂಟನ್ ಸೂಪ್

ಗೋವಾದ ಫೋಂಡಾ ತಾಲ್ಲೂಕಿನ ಕುಂಡಯಿ ಎಂದರೆ ಕೆಲವರಿಗೆ ನವದುರ್ಗೆಯ ಗುಡಿ ನೆನಪಾಗುತ್ತದೆ, ಇನ್ನು ಕೆಲವರಿಗೆ ಕೈಗಾರಿಕಾ ವಸಾಹತು. ಉತ್ತರ ಕರ್ನಾಟಕದಿಂದ ದುಡಿಮೆ ಅರಸಿ ಗೋವಾಕ್ಕೆ ಬಂದ ನಮ್ಮ ಎಷ್ಟೋ ಕುಟುಂಬಗಳಿಗೆ ಇಂಥ ವಸಾಹತುಗಳೇ ಅನ್ನದ ದಾರಿ. ಪಾಳಿ ಕೆಲಸವಿರುವ ಮನೆಯಲ್ಲಿ ಎಲ್ಲರೂ ಒಟ್ಟಿಗೆ ಕೂತು ಉಣ್ಣುವುದು ವಾರಕ್ಕೊಮ್ಮೆ ಸಿಕ್ಕರೆ ಅದೇ ಹೆಚ್ಚು. ಅಪ್ಪ ಮನೆಗೆ ಬರುವಾಗ ಮಕ್ಕಳು ಮಲಗಿರುತ್ತಾರೆ. ಮಕ್ಕಳು ಶಾಲೆಗೆ ಹೊರಡುವಾಗ ಅಪ್ಪ ಮಲಗಿರುತ್ತಾರೆ. ನಡುವೆ ಸಂಜೆ ಹಸಿವಾದಾಗ ಮಕ್ಕಳ ಕಣ್ಣು ರಸ್ತೆ ಬದಿಯ ಚೈನೀಸ್ ಗಾಡಿಯ ಮೇಲೆ.

ಗಾಡಿಯವರೆಲ್ಲ ಕೆಟ್ಟ ಅಡುಗೆ ಮಾಡುತ್ತಾರೆ ಎನ್ನಲಾಗದು. ಅವರೂ ಹೊಟ್ಟೆಪಾಡಿಗೆ ಬೆಂಕಿಯ ಮುಂದೆ ನಿಂತವರೇ. ಆದರೆ 2024ರ ಮಾರ್ಚ್‌ನಲ್ಲಿ ಕರ್ನಾಟಕ ಸರ್ಕಾರ ಗೋಬಿ ಮಂಚೂರಿಗೆ ಕೃತಕ ಬಣ್ಣ ಹಾಕುವುದನ್ನು ನಿಷೇಧಿಸಿದ್ದು ಸುಮ್ಮನೆ ಅಲ್ಲ. ಪರೀಕ್ಷೆಗೆ ತೆಗೆದ 171 ಮಾದರಿಗಳಲ್ಲಿ 107ರಲ್ಲಿ ಅಸುರಕ್ಷಿತ ಬಣ್ಣ ಸಿಕ್ಕಿತ್ತು. ಅದೇ ವರ್ಷ ಗೋವಾದ ಮಾಪುಸಾ ನಗರಸಭೆಯೂ ಈ ತಿನಿಸಿನ ಮಾರಾಟಕ್ಕೆ ತಡೆ ಹಾಕಿತು. ಮಕ್ಕಳಿಗೆ 'ತಿನ್ನಬೇಡ' ಎಂದಷ್ಟೇ ಹೇಳಿದರೆ ಕೇಳುವುದಿಲ್ಲ. ಅದರ ಬದಲಿಗೆ ಏನು ಕೊಡುತ್ತೇವೆ ಎಂಬುದು ಮುಖ್ಯ. ಅದಕ್ಕಾಗಿ ಈ ಸಲ ವಾಂಟನ್ ಸೂಪ್.

ಹೆಸರು ಕೇಳಿ ಹೆದರಬೇಡಿ. ವಾಂಟನ್ ಎಂದರೆ ಮೈದಾ ಹಾಳೆಯಲ್ಲಿ ಮಾಂಸದ ಹೂರಣವಿಟ್ಟು ಮಡಿಸಿ ನೀರಲ್ಲಿ ಬೇಯಿಸಿದ ಪುಟ್ಟ ಕಡಬು. ದಕ್ಷಿಣ ಚೀನಾದವರು ಈ ಹೆಸರನ್ನು ಬರೆಯುವ ಅಕ್ಷರಗಳಿಗೆ 'ಮೋಡ ನುಂಗು' ಎಂಬ ಅರ್ಥ ಬರುತ್ತದೆ. ತಿಳಿ ಸಾರಿನಲ್ಲಿ ತೇಲುವ ಬಿಳಿ ಕಡಬು ನೋಡಿದರೆ ಹೆಸರು ಸರಿಯೆನಿಸುತ್ತದೆ. ಹೂರಣದ ಕಡಬು ಕುದಿಸಿ ಗೊತ್ತಿರುವ, ಕ್ರಿಸ್ಮಸ್‌ಗೆ ಕರ್ಜಿಕಾಯಿ ಮಾಡುವ ನಮ್ಮ ತಾಯಂದಿರ ಕೈಗೆ ಈ ಮಡಿಕೆ ಹೊಸದಲ್ಲ.

ಹಾಳೆಗೆ: ಮೈದಾ 2 ಕಪ್, ಮೊಟ್ಟೆ 1, ಉಪ್ಪು ಅರ್ಧ ಚಮಚ, ನೀರು 5-6 ದೊಡ್ಡ ಚಮಚ. ಚಪಾತಿ ಹಿಟ್ಟಿಗಿಂತ ಗಟ್ಟಿಯಾಗಿ ಕಲಸಿ, ಚೆನ್ನಾಗಿ ನಾದಿ, ಒದ್ದೆ ಬಟ್ಟೆ ಮುಚ್ಚಿ ಅರ್ಧ ಗಂಟೆ ಬಿಡಿ. ಈ ಬಿಡುವು ಕೊಡದಿದ್ದರೆ ಲಟ್ಟಿಸಿದ ಹಿಟ್ಟು ಮತ್ತೆ ಮತ್ತೆ ಒಳಕ್ಕೆ ಸೆಳೆಯುತ್ತದೆ. ಜೋಳದ ಪುಡಿ (ಕಾರ್ನ್‌ಫ್ಲೋರ್) ಉದುರಿಸಿ, ಅಡಿಯ ಮಣೆ ಮಸುಕಾಗಿ ಕಾಣುವಷ್ಟು ತೆಳ್ಳಗೆ ಲಟ್ಟಿಸಿ, ಮೂರಿಂಚಿನ ಚೌಕಗಳಾಗಿ ಕತ್ತರಿಸಿ. ಸುಮಾರು 30 ಆಗುತ್ತವೆ.

ಹೂರಣಕ್ಕೆ: ಕೋಳಿ ಖೀಮಾ 200 ಗ್ರಾಂ, ತುರಿದ ಶುಂಠಿ 1 ಚಮಚ, ಸಣ್ಣಗೆ ಹೆಚ್ಚಿದ ಈರುಳ್ಳಿ ಸೊಪ್ಪು 2 ಎಸಳು, ಕಾಳುಮೆಣಸಿನ ಪುಡಿ ಅರ್ಧ ಚಮಚ, ಸೋಯಾ ಸಾಸ್ 2 ಚಮಚ. ಚೀನೀಯರು ಹಾಕುವ ಹುರಿದೆಳ್ಳಿನ ಎಣ್ಣೆ ನಮ್ಮಲ್ಲಿ ಸುಲಭಕ್ಕೆ ಸಿಗುವುದಿಲ್ಲ. ಒಂದು ಚಮಚ ಎಳ್ಳನ್ನು ಘಮ್ಮೆನ್ನುವಂತೆ ಹುರಿದು ಕುಟ್ಟಿ ಹಾಕಿ, ಅದೇ ಪರಿಮಳ ಬರುತ್ತದೆ. ಎರಡು ದೊಡ್ಡ ಚಮಚ ತಣ್ಣೀರು ಬೆರೆಸಿ, ಅಂಟಂಟಾಗುವ ತನಕ ಒಂದೇ ದಿಕ್ಕಿನಲ್ಲಿ ತಿರುವಿ. ಮಾಂಸ ತಿನ್ನದವರು ಎಲೆಕೋಸು, ಗಜ್ಜರಿ ತುರಿದು, ಉಪ್ಪು ಸವರಿ, ನೀರನ್ನು ಗಟ್ಟಿಯಾಗಿ ಹಿಂಡಿ ಬಳಸಬಹುದು.

ಸೂಪಿಗೆ: ಕೋಳಿ ಎಲುಬು ಅರ್ಧ ಕಿಲೋ, ತಣ್ಣೀರು 8 ಕಪ್, ಜಜ್ಜಿದ ಶುಂಠಿ, ಈರುಳ್ಳಿ ಸೊಪ್ಪಿನ ಬಿಳಿ ಭಾಗ, ಎಂಟು ಹತ್ತು ಕಾಳುಮೆಣಸು. ಕುದಿ ಬಂದಾಗ ನೊರೆ ತೆಗೆದು, ಸಣ್ಣ ಉರಿಯಲ್ಲಿ ಒಂದು ಗಂಟೆ ಬಿಡಿ. ಉರಿ ಜೋರಾದರೆ ಸಾರು ಕಲಕಿದಂತಾಗುತ್ತದೆ.

ಇಲ್ಲಿ ಗೋವಾದವರದೊಂದು ಜಾಣತನ ಕಲಿಯಬೇಕು. ಜೂನ್ 1ರಿಂದ ಜುಲೈ 31ರವರೆಗೆ ಯಾಂತ್ರಿಕ ದೋಣಿಗಳು ಕಡಲಿಗೆ ಇಳಿಯುವಂತಿಲ್ಲ. ಅದಕ್ಕೇ ಮಳೆಗೆ ಮುಂಚೆ ಒಣ ಸಿಗಡಿ, ಒಣ ಮೀನು ಕೊಂಡಿಡುವ ರೂಢಿ. ಮಡಗಾಂವಿನ ಪವಿತ್ರಾತ್ಮರ ದೇವಾಲಯದ ಹಬ್ಬಕ್ಕೆ 'ಪುರುಮೆಂತಾಚೆಂ ಫೆಸ್ತ್' ಎಂಬ ಹೆಸರು ಬಂದದ್ದೂ ಈ ಮಳೆಗಾಲದ ಸಂಗ್ರಹದಿಂದಲೇ. ಅಂಥ ಒಣ ಸಿಗಡಿ ಒಂದು ಹಿಡಿ ತೆಗೆದು, ತಲೆ ಬಾಲ ಮುರಿದು, ಬೆಚ್ಚಗೆ ಹುರಿದು ಸಾರಿಗೆ ಹಾಕಿ. ಅಂಗಡಿಯ ಅಜಿನೊಮೊಟೊ ಪುಡಿ ಕೊಡುವ ರುಚಿಯ ಮೂಲ ಗ್ಲುಟಮೇಟ್; ಅದು ಒಣ ಸಿಗಡಿ, ಟೊಮೆಟೊ, ಅಣಬೆಗಳಲ್ಲಿ ತಾನಾಗಿಯೇ ಇದೆ. ಪುಡಿಯ ಅಗತ್ಯವೇ ಬೀಳುವುದಿಲ್ಲ. ಸಿಗಡಿ ಮೈಗೆ ಆಗದವರು ಮಾತ್ರ ಇದನ್ನು ಬಿಡಬೇಕು.

ಮಡಿಸುವುದು: ಚೌಕದ ನಡುವೆ ಒಂದು ಸಣ್ಣ ಚಮಚ ಹೂರಣ, ಹೆಚ್ಚು ಬೇಡ. ಅಂಚಿಗೆ ನೀರು ಸವರಿ ತ್ರಿಕೋನವಾಗಿ ಮಡಿಸಿ, ಒಳಗಿನ ಗಾಳಿ ಹೊರಗೆ ಹೋಗುವಂತೆ ಒತ್ತಿ. ಗಾಳಿ ಉಳಿದರೆ ಕುದಿಯುವಾಗ ಬಾಯಿ ಬಿಡುತ್ತದೆ. ಎರಡು ತುದಿಗಳನ್ನು ಹತ್ತಿರ ತಂದು ಒಂದರ ಮೇಲೊಂದು ಅಂಟಿಸಿ.

ಬೇಯಿಸುವುದು: ಸೂಪಿನಲ್ಲೇ ಬೇಯಿಸಬೇಡಿ, ಹಿಟ್ಟಿನಿಂದ ಸಾರು ಮಂದವಾಗುತ್ತದೆ. ಬೇರೆ ಪಾತ್ರೆಯಲ್ಲಿ ನೀರು ಕುದಿಸಿ ಹತ್ತು ಹತ್ತಾಗಿ ಬಿಡಿ. ಮೇಲೆ ತೇಲಿದ ಮೇಲೆ ಒಂದು ಲೋಟ ತಣ್ಣೀರು ಹಾಕಿ. ಮತ್ತೆ ಕುದಿದು ತೇಲಿದರೆ ಆಯಿತು. ನಾಲ್ಕೈದು ನಿಮಿಷ ಸಾಕು. ಒಂದನ್ನು ಕತ್ತರಿಸಿ ನೋಡಿ, ಒಳಗೆ ಗುಲಾಬಿ ಬಣ್ಣ ಇರಬಾರದು. ಹಂದಿ ಮಾಂಸ ಬಳಸುವವರು ಇದರಲ್ಲಿ ಇನ್ನಷ್ಟು ಎಚ್ಚರ ವಹಿಸಬೇಕು. ಬಟ್ಟಲಿಗೆ ಏಳೆಂಟು ಹಾಕಿ, ಬಿಸಿ ಸೂಪು ಸುರಿದು, ಈರುಳ್ಳಿ ಸೊಪ್ಪು ಉದುರಿಸಿ.

ಮನೆಯಲ್ಲಿ ಬಿ.ಪಿ. ಇರುವವರಿದ್ದರೆ ಒಂದು ಮಾತು. ಒಂದು ದೊಡ್ಡ ಚಮಚ ಸೋಯಾ ಸಾಸಿನಲ್ಲಿಯೇ ಎರಡು ಗ್ರಾಂಗೂ ಹೆಚ್ಚು ಉಪ್ಪಿರುತ್ತದೆ. ದಿನಕ್ಕೆ ಐದು ಗ್ರಾಂ ಉಪ್ಪಿನೊಳಗಿರಬೇಕೆಂದು ವಿಶ್ವ ಆರೋಗ್ಯ ಸಂಸ್ಥೆ ಹೇಳುತ್ತದೆ. ಒಣ ಸಿಗಡಿಯಲ್ಲೂ ಉಪ್ಪಿರಬಹುದು. ಆದ್ದರಿಂದ ಸೂಪಿಗೆ ಸಾಸ್ ಸುರಿಯದೆ, ರುಚಿ ನೋಡಿ ಕೊನೆಗೆ ಉಪ್ಪು ಹಾಕಿ.

ಪಾಳಿ ಕೆಲಸದ ಮನೆಗೆ ಈ ಅಡುಗೆ ಏಕೆ ಹೊಂದುತ್ತದೆ ಎಂಬುದು ಇನ್ನು ಮುಖ್ಯ. ವಾಂಟನ್ ಕಟ್ಟುವುದು ಒಬ್ಬರ ಕೆಲಸವಲ್ಲ. ಭಾನುವಾರ ಪೂಜೆ ಮುಗಿಸಿ ಬಂದ ಮೇಲೆ ಎಲ್ಲರೂ ಸುತ್ತ ಕೂತರೆ, ಒಬ್ಬರು ಲಟ್ಟಿಸಿ, ಒಬ್ಬರು ಹೂರಣವಿಟ್ಟು, ಮಕ್ಕಳು ಮಡಿಸಿದರೆ ಒಂದು ಗಂಟೆಯ ಕೆಲಸ. ಆ ಒಂದು ಗಂಟೆ ಟಿ.ವಿ. ಇಲ್ಲ, ಮೊಬೈಲೂ ಇಲ್ಲ; ಕೈಗೆಲ್ಲ ಹಿಟ್ಟು! ಮಕ್ಕಳು ಶಾಲೆಯ ವಿಷಯ ಬಾಯಿಬಿಡುವುದು ಇಂಥ ಹೊತ್ತಿನಲ್ಲೇ.

ಉಳಿದ ಹಸಿ ವಾಂಟನ್‌ಗಳನ್ನು ಹಿಟ್ಟು ಉದುರಿಸಿದ ತಟ್ಟೆಯಲ್ಲಿ ಒಂದಕ್ಕೊಂದು ತಾಗದಂತೆ ಇಟ್ಟು ಫ್ರೀಜರಿನಲ್ಲಿ ಗಟ್ಟಿಮಾಡಿ, ಡಬ್ಬಿಗೆ ತುಂಬಿದರೆ ಒಂದು ತಿಂಗಳು ಇರುತ್ತವೆ. ಫ್ರೀಜರ್ ಇಲ್ಲದವರು ಬೇಕಾದಷ್ಟನ್ನೇ ಕಟ್ಟಿ ಅಂದೇ ಮುಗಿಸಿ. ಹಸಿ ಮಾಂಸ ಹೊರಗೆ ಎರಡು ಗಂಟೆಗಿಂತ ಹೆಚ್ಚು ಇರಬಾರದು.

ಎರಡನೇ ಪಾಳಿ ಮುಗಿಸಿ ಮಳೆಯಲ್ಲಿ ನೆನೆದು ಬರುವ ಮನೆಯವರಿಗೆ ತಣ್ಣಗಿನ ಅನ್ನ ಮುಚ್ಚಿಟ್ಟು ಮಲಗುವ ಬದಲು, ಫ್ರೀಜರಿನಿಂದ ತೆಗೆದದ್ದನ್ನು ಹಾಗೆಯೇ ಕುದಿಯುವ ನೀರಿಗೆ ಬಿಡಿ. ಎರಡು ನಿಮಿಷ ಹೆಚ್ಚು ಬೇಕಾಗುತ್ತದೆ, ಅಷ್ಟೆ. ಅವರು ಕೈಕಾಲು ತೊಳೆದು ಬರುವಷ್ಟರಲ್ಲಿ ಬಟ್ಟಲು ಸಿದ್ಧ. 'ಇದು ಮಗಳು ಮಡಿಸಿದ್ದು, ಇದು ಮಗ ಮಡಿಸಿದ್ದು' ಎಂದು ತೋರಿಸಿ ಬಡಿಸಿ. ಮಕ್ಕಳು ನಿದ್ದೆಯಲ್ಲಿದ್ದರೂ ಆ ಊಟದಲ್ಲಿ ಅವರ ಪಾಲು ಇರುತ್ತದೆ.